ಅತ್ತೆಯ ಕೈಯ ನೀರು

ಎಳನೀರು ಮುಗಿಯುತ್ತ ಬಂದಾಗ ಕೊಳವೆಯಿಂದ ತಳದ ನೀರನ್ನು ಎಳೆದರೆ ಗೊರಗೊರ ಎಂದು ಒಂದು ಸದ್ದು ಬರುತ್ತದಲ್ಲ, ಅದು ನಿಮಗೂ ಗೊತ್ತಿರುವ ಸದ್ದೇ. ಮಕ್ಕಳಿಗಂತೂ ಎಳನೀರಿಗಿಂತ ಅದೇ ಹೆಚ್ಚು ಇಷ್ಟ. ಮೊನ್ನೆ ಸಿಂಧನೂರಿನಲ್ಲಿ ಲಕ್ವ ಹೊಡೆದು ಮಲಗಿದ್ದ ಗೆಳೆಯನನ್ನು ಮಾತಾಡಿಸಲು ಹೋದವನು, ಆಸ್ಪತ್ರೆಯ ಗೇಟಿನ ಬಳಿ ಎರಡು ಎಳನೀರು ಕೊಳ್ಳುತ್ತ ನಿಂತಿದ್ದೆ. ಪಕ್ಕದಲ್ಲಿದ್ದ ಹುಡುಗಿಯೊಬ್ಬಳು ತನ್ನ ಕಾಯಿಯಿಂದ ಆ ಸದ್ದು ಹೊರಡಿಸಿದಳು. ನನ್ನ ಬಲಗಾಲು ತಾನಾಗಿಯೇ ನೆಲ ಒತ್ತಿತು. ವಯಸ್ಸಾದ ಮೇಲೆ ಕಾಲು ಹೇಳಿದ ಮಾತು ಕೇಳುವುದಿಲ್ಲ ಎನ್ನುತ್ತಾರೆ; ನನ್ನದು ಹೇಳದ ಮಾತನ್ನೂ ಕೇಳುತ್ತದೆ.

ಆ ಕಾಲಿನ ಕಥೆ ಹೇಳಬೇಕೆಂದರೆ ಮಸ್ಕಿಯಲ್ಲಿದ್ದ ನನ್ನ ಕಾಕಾನಿಂದ ಶುರುಮಾಡಬೇಕು. ಅಪ್ಪನ ತಮ್ಮ. ಬಸ್ ನಿಲ್ದಾಣದ ದಾರಿಯಲ್ಲಿ ಬಟ್ಟೆ ಹೊಲಿಯುವ ಅಂಗಡಿ. ಒಂದು ಮಷೀನಿನ ಮೇಲೆ ಕಾಕಾ, ಇನ್ನೊಂದರ ಮೇಲೆ ಕಾಕಿ, ನಡುವೆ ಬಿ.ಎ. ಮುಗಿಸಿ ಕೆಲಸವಿಲ್ಲದೆ ಕೂತ ನಾನು. ಬೇಸರ ಕಳೆಯಲು ಒಮ್ಮೊಮ್ಮೆ ಮಷೀನು ತುಳಿಯಲು ಹೋಗುತ್ತಿದ್ದೆ. ಚಕ್ರ ಹಿಂದಕ್ಕೆ ತಿರುಗುತ್ತಿತ್ತು, ದಾರ ಹರಿಯುತ್ತಿತ್ತು. “ಲೇ, ಅದರ ಮ್ಯಾಲ ಲಕ್ಷ್ಯ ಇಡಬ್ಯಾಡ,” ಎನ್ನುತ್ತಿದ್ದ ಕಾಕಾ. “ಉಸುರಾಡೂವಾಗ ಲಕ್ಷ್ಯ ಇಡ್ತೀಯೇನು? ಇದೂ ಹಂಗ.” ನನಗೆ ಕೊನೆಗೂ ಬರಲಿಲ್ಲ. ಬಿ.ಎ. ಓದಿದ ಕಾಲು ಎಂದು ಇಬ್ಬರೂ ನಗುತ್ತಿದ್ದರು.

ಎಂಬತ್ತರ ದಶಕ ಮುಗಿಯುತ್ತ ಬಂದಿತ್ತು. ಯುಗಾದಿಯ ಹೊಲಿಗೆಯ ಗಡಿಬಿಡಿಯಲ್ಲಿ, ಒಂದು ಬೆಳಿಗ್ಗೆ, ಕಾಕಾನ ಕೈಯಿಂದ ಕತ್ತರಿ ಜಾರಿ ಬಿತ್ತು. ಎತ್ತಿಕೊಳ್ಳಲು ಬಗ್ಗಿದವನು ಏಳಲಿಲ್ಲ. ಬಾಯಿ ಒಂದು ಕಡೆ ವಾಲಿತ್ತು. ಟೆಂಪೋದಲ್ಲಿ ಅಂಗಾತ ಮಲಗಿಸಿಕೊಂಡು ಸಿಂಧನೂರಿನ ಹಾದಿ ಹಿಡಿದೆವು. ದಾರಿಯಲ್ಲಿ ಕಾಕಾ ದೊಡ್ಡದಾಗಿ ಗೊರಕೆ ಹೊಡೆಯತೊಡಗಿದ. “ನಿದ್ದಿ ಹತ್ಯಾದ, ಚಲೋ ಆತು,” ಎಂದರು ಜೊತೆಗೆ ಬಂದ ಪಕ್ಕದ ಅಂಗಡಿಯವರು. ನಮಗೂ ಸಮಾಧಾನವೆನಿಸಿತು. ಆಸ್ಪತ್ರೆ ಎಂದರೆ ಎಂಟು ಹಾಸಿಗೆಯ ಒಂದು ಮಹಡಿ ಮನೆ. ಡಾಕ್ಟರು ನೋಡಿದ ಕೂಡಲೇ ಕಾಕಾನನ್ನು ಮಗ್ಗುಲಿಗೆ ಹೊರಳಿಸಿ ಗದ್ದ ಎತ್ತಿ ಹಿಡಿದರು. “ಇದು ನಿದ್ದಿ ಅಲ್ರೀ. ನಾಲಿಗಿ ಹಿಂದಕ್ಕ ಬಿದ್ದು ಉಸುರಿನ ದಾರಿ ಮುಚ್ಚಾಕತ್ತದ.”

ಮೂಗಿಗೆ ಆಕ್ಸಿಜನ್ ಬಂತು, ಹೊಟ್ಟೆಗೆ ಗಂಜಿ ಇಳಿಸಲು ಇನ್ನೊಂದು ಕೊಳವೆ ಬಂತು. ಗಂಟಲಲ್ಲಿ ಕಟ್ಟುವ ಕಫ ಎಳೆಯುವ ಯಂತ್ರ ಕರೆಂಟಿನದು. ಕರೆಂಟು ಇರುತ್ತಿದ್ದುದೇ ಅಪರೂಪ. ಅದಕ್ಕೊಂದು ಕಾಲುಪಂಪು ಇಟ್ಟಿದ್ದರು. ಹಾರ್ಮೋನಿಯಮ್ಮಿನ ತಿದಿಯಂಥದು. ನರ್ಸು ಗಂಟಲಿಗೆ ಕೊಳವೆ ಇಳಿಸಿ ಹಿಡಿದರೆ ಮನೆಯವರು ತುಳಿಯಬೇಕು. ನಾನು ತುಳಿದರೆ ಒಮ್ಮೆ ಎಳೆಯುತ್ತಿತ್ತು, ಒಮ್ಮೆ ಸುಮ್ಮನಾಗುತ್ತಿತ್ತು. ಕಾಕಿ ಸೀರೆ ನೆರಿಗೆ ಎತ್ತಿಕಟ್ಟಿ, “ಸರಿ ಆಕಡೆ,” ಎಂದು ತಾನೇ ತುಳಿದಳು. ಮಷೀನು ತುಳಿದ ಕಾಲು, ಒಂದೇ ಸಮ ನಡೆಯಿತು. ಗಂಟಲಿನ ಗೊರಗೊರ ಸದ್ದು ನಿಂತು ಕಾಕಾನ ಉಸಿರು ತಿಳಿಯಾಗುವುದನ್ನು ನಾವಿಬ್ಬರೂ ಕೇಳುತ್ತ ನಿಲ್ಲುತ್ತಿದ್ದೆವು.

ಡಾಕ್ಟರು ಒಂದೇ ಮಾತನ್ನು ಮತ್ತೆ ಮತ್ತೆ ಹೇಳಿದ್ದರು: “ಬಾಯಾಗ ಏನೂ ಹಾಕಬ್ಯಾಡ್ರಿ. ನುಂಗೂದು ಮರ್ತಾನ. ಒಂದ್ ಚಮಚ ನೀರೂ ಹೊಟ್ಟಿಗೆ ಹೋಗಂಗಿಲ್ಲ, ಪುಪ್ಪುಸಕ್ಕ ಇಳಿತದ.”

ನಮ್ಮ ಕಡೆಯ ರೂಢಿ ನಿಮಗೆ ತಿಳಿಯದ್ದೇನಲ್ಲ. ಮಲಗಿದವರನ್ನು ನೋಡಲು ಬಂದವರು ತಮ್ಮ ಕೈಯಾರೆ ಒಂದು ಗುಟುಕು ಹಾಕದೆ ಹೋದರೆ ಬಂದದ್ದು ಬಂದಂತಲ್ಲ. ಎಳನೀರು, ಮೋಸಂಬಿ, ಯಾವುದೋ ಮಠದ ತೀರ್ಥ. ಕಾಕಿ ಬಾಗಿಲಲ್ಲೇ ಕೂತು ಎಲ್ಲವನ್ನೂ ಇಸಿದುಕೊಂಡು ಮಂಚದ ಕೆಳಗಿಡುತ್ತಿದ್ದಳು. ಎಳನೀರು ಅಲ್ಲೇ ಒಣಗುತ್ತಿದ್ದವು. ಲಿಂಗಸುಗೂರಿನಿಂದ ಬಂದ ಬೀಗರು ಮೆಟ್ಟಿಲಿಳಿಯುತ್ತ, “ಗಂಡನ ಬಾಯಿಗೆ ನೀರ ಬಿಡಾಕ ಕೊಡವಲ್ಲಳು, ಎಂಥಾ ಕಟುಕಿ,” ಎಂದದ್ದು ಅವಳಿಗೂ ಕೇಳಿಸಿತು. ಅವಳು ಜಾಗ ಬಿಟ್ಟು ಕದಲಲಿಲ್ಲ.

ದಿನ ಕಳೆದಂತೆ ಕಾಕಾ ಕಣ್ಣು ಬಿಟ್ಟ. ಕಾಕಿಯ ಬೆರಳನ್ನು ಎಡಗೈಯಿಂದ ಹಿಚುಕಿದ. ಇನ್ನೊಂದು ವಾರ ಹೀಗೇ ನಡೆದರೆ ನುಂಗಿಸಿ ನೋಡೋಣ ಎಂದರು ಡಾಕ್ಟರು. ಅವತ್ತು ಕಾಕಿ ಮೊದಲ ಸಲ ತಲೆ ಬಾಚಿಕೊಂಡಳು.

ಮರುದಿನ ತುರ್ವಿಹಾಳದ ಬಸ್ಸಿಗೆ ಅತ್ತೆ ಬಂದಳು. ಅಪ್ಪ, ಕಾಕಾ ಇಬ್ಬರಿಗೂ ಅಕ್ಕ. ತಾಯಿ ಸತ್ತ ಮೇಲೆ ಕಾಕಾನನ್ನು ಸೊಂಟದ ಮೇಲೆ ಹೊತ್ತು ಬೆಳೆಸಿದವಳು. ಕೈಯಲ್ಲೊಂದು ಹಿತ್ತಾಳೆ ಗಿಂಡಿ, ಅದರಲ್ಲಿ ಮಠದ ತೀರ್ಥ. “ಯಕ್ಕಾ, ಬಾಯಿಗೇನೂ ಹಾಕಬ್ಯಾಡ್ರಿ,” ಎಂದಳು ಕಾಕಿ. “ಆಗಲವ್ವ,” ಎಂದು ಅತ್ತೆ ತಮ್ಮನ ಕಾಲ ಬಳಿ ಕೂತಳು. ಮನೆತನದ ಹಿರಿಯಳು ಕೂತಿದ್ದಾಳಲ್ಲ ಎಂಬ ಧೈರ್ಯದಿಂದ ಕಾಕಿ ಬಟ್ಟೆ ಒಗೆಯಲು ಕೆಳಗಿನ ನಲ್ಲಿಗೆ ಹೋದಳು. ನಾನು ಔಷಧದಂಗಡಿಗೆ ಹೋಗಿದ್ದೆ.

ಹಿಂತಿರುಗಿ ಮೆಟ್ಟಿಲೇರುವಾಗಲೇ ಆ ಸದ್ದು ಕೇಳಿಸಿತು. ನನ್ನ ಹಿಂದೆಯೇ ಒದ್ದೆ ಸೀರೆಯ ಕಾಕಿ ಓಡಿಬಂದಳು. ಕಾಕಾನ ಮುಖ ನೀಲಿಗಟ್ಟಿತ್ತು. ನರ್ಸು ಕೊಳವೆ ಹಿಡಿದಳು, ಕಾಕಿ ಪಂಪಿನ ಮೇಲೆ ಕಾಲಿಟ್ಟಳು. ಅತ್ತೆ ಗಿಂಡಿ ಹಿಡಿದುಕೊಂಡು ಗೋಡೆಗೊರಗಿ ನಿಂತಿದ್ದಳು. “ತುಟಿ ಒಣಗಿದ್ವು. ಅಂವ ನನ್ನ ನೋಡಿದ. ಹಾಕಿದೆ, ಕುಡದ. ನನ್ನ ಕೈಲೆ ಕುಡದ ನೋಡು.”

ಅವತ್ತು ಉಸಿರು ತಿರುಗಿ ಬಂತು. ಮರುದಿನ ಜ್ವರ ಬಂತು, ಎದೆ ತಿದಿಯಂತೆ ಏರಿ ಇಳಿಯತೊಡಗಿತು. ಆಮೇಲೆ ಪಂಪು ತುಳಿದು ಪ್ರಯೋಜನವಿರಲಿಲ್ಲ. ನೀರು ಅದು ಮುಟ್ಟದಷ್ಟು ಕೆಳಗೆ ಇಳಿದಿತ್ತು. ಆ ವಾರ ಕಳೆಯುವ ಮೊದಲೇ ಕಾಕಾ ತೀರಿಕೊಂಡ. ಯಾರು ನೀರು ಹಾಕಿದ್ದು ಎಂದು ಡಾಕ್ಟರು ಸಿಟ್ಟಿನಿಂದ ಕೇಳಿದರೆ, “ಗೊತ್ತಿಲ್ರೀ,” ಎಂದಳು ಕಾಕಿ.

ಮಣ್ಣು ಮುಗಿಸಿ ಬಂದ ಮೇಲೆ ಅತ್ತೆ ಕಾಕಿಯ ಪಕ್ಕ ಕೂತು ಮೆಲ್ಲಗೆ ಕೇಳಿದಳು: “ಡಾಕ್ಟರ್ ಏನಂದಾನ ಬೇ? ನನ್ನ ನೀರಿನಿಂದ ಏನರ ಆತೇನು?”

“ಇಲ್ಲ ಯಕ್ಕಾ. ಬರೂದು ಬಂದಿತ್ತು. ನಿಮ್ಮ ಕೈ ನೀರ ಕುಡದು ಹೋಗ್ಯಾರ. ಬಾಯಿ ಒಣಗಿಸಿಕೊಂಡು ಹೋಗಲಿಲ್ಲ.”

ಅತ್ತೆ ಆ ಮಾತನ್ನು ಸೆರಗಿನ ಗಂಟಿನಂತೆ ಕಾಪಾಡಿಕೊಂಡಳು. ತೊಂಬತ್ತರ ದಶಕದುದ್ದಕ್ಕೂ, ಬದುಕಿರುವ ತನಕ, ಮದುವೆಯಿರಲಿ ಸಾವಿರಲಿ, ತಮ್ಮ ತನ್ನ ಕೈ ನೀರು ಕುಡಿದು ಹೋದದ್ದನ್ನು ಹೇಳುತ್ತಲೇ ಇದ್ದಳು. ಮಸ್ಕಿಗೆ ಬಂದರೆ ಕಾಕಿಯ ಎದುರಿಗೂ ಹೇಳುವಳು. ಕಾಕಿ ತಲೆಯೆತ್ತದೆ ಹೊಲಿಯುತ್ತಿದ್ದಳು. ನನಗೆ ಮೈ ಉರಿಯುತ್ತಿತ್ತು. ಒಮ್ಮೆ ಅತ್ತೆ ಹೋದ ಮೇಲೆ ತಡೆಯಲಾರದೆ, ಆಕೆಗೆ ನಿಜ ಯಾಕೆ ಹೇಳಬಾರದು ಎಂದು ಕಾಕಿಯನ್ನು ಕೇಳಿಯೇಬಿಟ್ಟೆ.

ಕಾಕಿ ಮಷೀನು ನಿಲ್ಲಿಸಿದಳು. “ಹೇಳಿದ್ರ ಅವರು ಬರ್ತಾರೇನು? ಆಕಿ ಅವರನ್ನ ಸಾಕ್ಯಾಳ. ಗೊತ್ತಿದ್ದು ಬದುಕೂದು ನನಗೊಬ್ಬಾಕಿಗೆ ಸಾಕು.” ಮತ್ತೆ ತುಳಿಯತೊಡಗಿದಳು. ದಾರ ಹರಿಯಲಿಲ್ಲ.

ಎಳನೀರು ಹಿಡಿದು ನಿಂತವನಿಗೆ ಮೊನ್ನೆ ಹೊಳೆದದ್ದು ಇಷ್ಟೇ: ಆ ಬಾಗಿಲ ದಾಟಿ ಅಷ್ಟು ಜನ ಬಂದೆವು, ಮಂಚದ ಕೆಳಗೆ ಅಷ್ಟು ಎಳನೀರು ಒಣಗಿದವು, ನೀನು ನೀರು ಕುಡಿದೆಯಾ ಎಂದು ಕಾಕಿಯನ್ನು ಯಾರೂ ಕೇಳಿರಲಿಲ್ಲ. ಈಗ ಅವಳೂ ಇಲ್ಲ.

ಮೇಲೆ ಹೋದೆ. ಗೆಳೆಯ ಮಗ್ಗುಲಾಗಿ ಮಲಗಿದ್ದ. ಮೂಗಿನಲ್ಲಿ ಅದೇ ಕೊಳವೆಗಳು. ಪಂಪು ಮಾತ್ರ ಈಗ ಯಾರ ಕಾಲನ್ನೂ ಬೇಡುವುದಿಲ್ಲ. ಬಾಗಿಲ ಬಳಿ ಸ್ಟೂಲಿನ ಮೇಲೆ ಕೂತಿದ್ದ ಅವನ ಹೆಂಡತಿ ನನ್ನ ಕೈ ನೋಡಿದವಳೇ ಎದ್ದು ಅಡ್ಡ ನಿಂತಳು.

“ತಪ್ಪ ತಿಳಕೋಬ್ಯಾಡ್ರಿ. ಬಾಯಿಗೇನೂ ಹಾಕಬಾರ್ದಂತ ಡಾಕ್ಟರ್ ಹೇಳ್ಯಾರ.”

“ಅವಂಗಲ್ಲವ್ವ, ನಿಮಗ ತಂದೀನಿ. ಕುಡೀರಿ. ಅಲ್ಲೀತನಕ ಬಾಗಲಾಗ ನಾ ಕುಂದರ್ತೀನಿ.”

ಅವಳು ನಂಬಲಾರದವಳಂತೆ ನನ್ನ ಮುಖ ನೋಡಿದಳು. ಆಮೇಲೆ ಗೋಡೆಯ ಕಡೆ ತಿರುಗಿ, ನಡುವೆ ಎಲ್ಲಿಯೂ ನಿಲ್ಲಿಸದೆ ಕುಡಿದಳು. ತಳದಲ್ಲಿ ಆ ಸದ್ದು ಬಂತು. ನಾನು ಎರಡನೆಯದನ್ನು ಅವಳ ಕೈಗಿತ್ತು, ಮೆಟ್ಟಿಲ ಕಡೆ ಕಣ್ಣಿಟ್ಟು ಸ್ಟೂಲಿನ ಮೇಲೆ ಕೂತೆ.