ರಜೆ ಮುಗಿಯುವಷ್ಟರಲ್ಲಿ ಸಾಯುವ ಪಾತ್ರಗಳು

ವರ್ಷದ ಹನ್ನೊಂದು ತಿಂಗಳು ನಾನು ದೋಹಾದ ಇಂಡಸ್ಟ್ರಿಯಲ್ ಏರಿಯಾದಲ್ಲಿ ಒಂದು ಟ್ರಾನ್ಸ್‌ಪೋರ್ಟ್ ಕಂಪನಿಯ ಸ್ಟೋರ್ ನೋಡಿಕೊಳ್ಳುತ್ತೇನೆ. ಲಾರಿಯ ಟೈರು, ಬ್ಯಾಟರಿ, ಆಯಿಲ್ ಫಿಲ್ಟರು ನನ್ನ ಲೋಕ. ಉಳಿದ ಒಂದು ತಿಂಗಳು ರಜೆ. ಆಗ ಊರಿಗೆ ಹೋಗಿ ಕ್ಯಾಮೆರಾದ ಮುಂದೆ ಸಾಯುತ್ತೇನೆ.

ಮದುವೆಗೆ ಮೊದಲು ಮಂಗಳೂರಿನಲ್ಲಿ ಒಂದು ನಾಟಕ ತಂಡದಲ್ಲಿದ್ದೆ. ಆ ತಂಡದ ಗೆಳೆಯನೊಬ್ಬ ಮುಂದೆ ಸೀರಿಯಲ್ ನಿರ್ದೇಶಕನಾದ. ನಾನು ಊರಿಗೆ ಬಂದಾಗಲೆಲ್ಲ ಕರೆದು ಸಣ್ಣಪುಟ್ಟ ಪಾತ್ರ ಕೊಡುತ್ತಿದ್ದ. ಅವನ ಮೊದಲ ಪ್ರಶ್ನೆ ಯಾವಾಗಲೂ ಒಂದೇ: "ಎಷ್ಟು ದಿನ ರಜೆ?" ಮೂವತ್ತು ಎಂದರೆ ಇಪ್ಪತ್ತಾರನೆಯ ದಿನಕ್ಕೆ ನನ್ನ ಸಾವನ್ನು ಬರೆದಿಡುತ್ತಿದ್ದ. ಹೀಗೆ ಒಂದು ತುಳು ಸಿನಿಮಾದಲ್ಲಿ ಬಾವಿಗೆ ಬಿದ್ದೆ. ಒಂದು ಸೀರಿಯಲ್ಲಿನಲ್ಲಿ ಹಾವು ಕಚ್ಚಿತು. ಇನ್ನೊಂದರಲ್ಲಿ ಮಗಳ ಧಾರೆ ಎರೆಯುತ್ತಲೇ ಎದೆ ಹಿಡಿದುಕೊಂಡು ಕುಸಿದೆ. ಆ ದೃಶ್ಯದಲ್ಲಿ ನನ್ನ ಕಾಲು ಅಲುಗಿತೆಂದು ಹೆಂಡತಿ ಈಗಲೂ ಹೇಳುತ್ತಾಳೆ.

ಕಳೆದ ರಜೆಯಲ್ಲಿ ಮಾತ್ರ ಸ್ವಲ್ಪ ದೊಡ್ಡ ಪಾತ್ರ ಸಿಕ್ಕಿತು. ನಾಯಕಿಯ ಸೋದರಮಾವ, ಬಾಯಿ ಬಿಟ್ಟರೆ ನಗಿಸುವವನು. ಜನರಿಗೆ ಇಷ್ಟವಾಯಿತು. ಬಸ್ಸಿನಲ್ಲಿ ಒಬ್ಬ ಅಜ್ಜಿ ನನ್ನ ಗಲ್ಲ ಹಿಂಡಿದರು. ಹಿಗ್ಗಿನಲ್ಲಿ ಎರಡು ಸ್ಟಾಪ್ ಮುಂದೆ ಹೋಗಿ ಇಳಿದೆ.

"ನಿನ್ನ ಕೊಲ್ಲಲಿಕ್ಕೆ ಮನಸ್ಸೇ ಬರುದಿಲ್ಲ ಮಾರಾಯ. ಆದ್ರೆ ಎಂತ ಮಾಡುದು, ನೀನು ಹೋಗ್ಲೇಬೇಕಲ್ಲ?" ಎಂದ ಗೆಳೆಯ. ನನ್ನದೊಂದು ಫೋಟೋ ತೆಗೆಸಿ, ಕಟ್ಟು ಹಾಕಿಸಿ, ಹಾರ ಹಾಕಿ, ಮುಂದೆ ದೀಪ ಹಚ್ಚಿ ಚಿತ್ರೀಕರಿಸಿದ. ಆ ಕಂತು ಗುರುವಾರ ಸಂಜೆ ಪ್ರಸಾರವಾಯಿತು. ಮರುದಿನ ಬೆಳಿಗ್ಗೆ ನಾನು ದೋಹಾದಲ್ಲಿ ಇಳಿದೆ.

ಹೆಂಡತಿಗೆ ಇಲ್ಲಿ ಕ್ಲಿನಿಕ್ಕಿನಲ್ಲಿ ಕೆಲಸ, ಆ ಸಲ ಊರಿಗೆ ಬಂದಿರಲಿಲ್ಲ. ಅಲ್ ರಯ್ಯಾನ್‌ನ ನಮ್ಮ ಫ್ಲ್ಯಾಟಿನಲ್ಲಿ ಶುಕ್ರವಾರದ ಊಟ ಮುಗಿಸಿ ನಾನು ಸ್ನಾನಕ್ಕೆ ಹೋದೆ. ಅಷ್ಟರಲ್ಲಿ ಬೆಲ್ ಆಯಿತು. ಬರ್ವಾ ಅಲ್ ಬರಾಹಾದ ಕಾರ್ಮಿಕರ ವಸತಿಯಲ್ಲಿರುವ ನಮ್ಮ ಕಂಪನಿಯ ಐವರು ಡ್ರೈವರುಗಳು, ಎಲ್ಲರೂ ಕರಾವಳಿಯವರು, ಇಸ್ತ್ರಿ ಮಾಡಿದ ಅಂಗಿ ತೊಟ್ಟು ಬಾಗಿಲಲ್ಲಿ ನಿಂತಿದ್ದರು. ಅವರಲ್ಲಿ ಹಿರಿಯರ ಕೈಯಲ್ಲಿ ಒಂದು ಚೀಲ ಕಿತ್ತಳೆ. ಹಾರ ಹಾಕಿದ ನನ್ನ ಫೋಟೋ ಯಾರದೋ ಮೊಬೈಲಿನಿಂದ ಅವರ ವಾಟ್ಸಾಪ್ ಗುಂಪಿಗೆ ಬಂದಿತ್ತು. ನಾನು ರಜೆಯಲ್ಲಿದ್ದೇನೆಂದು ಅವರಿಗೆ ಗೊತ್ತು, ಹಿಂದಿರುಗಿದ್ದು ಗೊತ್ತಿಲ್ಲ. ನಡೆದದ್ದನ್ನು ಹೆಂಡತಿ ಆಮೇಲೆ ಹೇಳಿದಳು.

"ಅಕ್ಕಾ, ಧೈರ್ಯ ತಂದ್ಕೊಳ್ಳಿ. ನಾವೆಲ್ಲ ಇದ್ದೇವೆ," ಎಂದರಂತೆ ಹಿರಿಯರು.

"ಧೈರ್ಯ ಎಂತಕ್ಕೆ? ಬನ್ನಿ, ಕೂತ್ಕೊಳ್ಳಿ. ಅವರು ಸ್ನಾನಕ್ಕೆ ಹೋಗಿದ್ದಾರೆ."

"ಯಾರಕ್ಕಾ?"

"ಇನ್ಯಾರು? ನಮ್ಮವರು."

ಐವರೂ ಮುಖ ಮುಖ ನೋಡಿಕೊಂಡರು. ಪಾಪ, ದುಃಖದಲ್ಲಿ ಇವರ ತಲೆ ಕೆಟ್ಟಿದೆ ಎಂದುಕೊಂಡು ಒಬ್ಬರು ಕಣ್ಣೊರೆಸಿಕೊಂಡರು. ಅದೇ ಹೊತ್ತಿಗೆ ನಾನು ಏನೋ ಗುನುಗುತ್ತಾ, ತಲೆ ಮೇಲೆ ಬಿಳಿ ಟವೆಲ್ ಹಾಕಿಕೊಂಡು ಹೊರಗೆ ಬಂದೆ.

ಕಿತ್ತಳೆಗಳು ಹಾಲ್‌ನ ತುಂಬ ಉರುಳಿದವು. ಒಬ್ಬರು ಸೋಫಾದ ಮೇಲೆ ಹತ್ತಿ ನಿಂತರು. ಹಿರಿಯರು ನನ್ನ ಮುಖ ನೋಡಲೇ ಇಲ್ಲ, ಬಗ್ಗಿ ಪಾದ ನೋಡಿದರು. "ಹಿಂದೆ ತಿರುಗಿಲ್ಲ, ಮುಂದೆಯೇ ಉಂಟು!" ಎಂದು ಕೂಗಿ ನನ್ನನ್ನು ಅಪ್ಪಿಕೊಂಡರು. ಫೋಟೋ ಸೀರಿಯಲ್ಲಿನದೆಂದು ತಿಳಿದ ಮೇಲೆ ನಕ್ಕ ನಗುವಿಗೆ ಮೇಲಿನ ಮನೆಯವರು ಇಳಿದು ಬಂದರು. ನಾನು ಹೊಟ್ಟೆ ಹಿಡಿದುಕೊಂಡು ನೆಲದ ಮೇಲೆ ಕೂತಿದ್ದೆ.

ನಗದೇ ಇದ್ದವಳು ಹೆಂಡತಿ ಒಬ್ಬಳೇ. ಅವರ ಮೊಬೈಲಿನಲ್ಲಿ ಆ ಫೋಟೋವನ್ನು ಬಹಳ ಹೊತ್ತು ನೋಡಿದಳು. "ಇನ್ನು ಸಾಯುವ ಪಾತ್ರ ಬೇಡ ಮಾರಾಯ್ರೆ. ಬದುಕುವ ಪಾತ್ರ ಇದ್ರೆ ಮಾಡಿ. ಇಲ್ಲದಿದ್ರೆ ಸೀರಿಯಲ್ ಖಲಾಸ್," ಎಂದಳು. ಅಷ್ಟಕ್ಕೆ ಬಿಡದೆ ನಿರ್ದೇಶಕನಿಗೆ ತಾನೇ ಫೋನ್ ಮಾಡಿ ದಬಾಯಿಸಿದಳು. ಅವನು ಕಥೆ ಕೇಳಿ ಉಸಿರು ಕಟ್ಟುವಷ್ಟು ನಕ್ಕ. ವಾರದೊಳಗೆ ಹೊಸ ಪಾತ್ರ ಬರೆದು ಕಳಿಸಿದ: ಸತ್ತ ಸೋದರಮಾವನ ಅವಳಿ ತಮ್ಮ. ಕತಾರಿನಲ್ಲಿದ್ದಾನೆ, ವೀಡಿಯೊ ಕಾಲ್‌ನಲ್ಲಿ ಮಾತ್ರ ಮಾತಾಡುತ್ತಾನೆ.

ಅಂದಿನಿಂದ ಪ್ರತಿ ಶುಕ್ರವಾರ ನಮ್ಮ ಹಾಲ್‌ನಲ್ಲೇ ಶೂಟಿಂಗ್. ಹೆಂಡತಿ ಮೊಬೈಲ್ ಹಿಡಿಯುತ್ತಾಳೆ, ಡ್ರೈವರುಗಳು ಕಿಟಕಿಯ ಪರದೆ ಎಳೆದು ಬೆಳಕು ಸರಿ ಮಾಡುತ್ತಾರೆ. ರಟ್ಟಿನ ಮೇಲೆ ನನ್ನ ಮಾತು ಬರೆದು ಹಿರಿಯರು ಎತ್ತಿ ಹಿಡಿಯುತ್ತಾರೆ. ಮೊದಲ ದಿನದ ಮೊದಲ ಮಾತು, "ಅಣ್ಣ ಹೋದ ಸುದ್ದಿ ಕೇಳಿ ಎದೆ ಒಡೆಯಿತು." ಅಷ್ಟು ಹೇಳುವಷ್ಟರಲ್ಲಿ ಯಾರಾದರೊಬ್ಬರು ಕಿಸಕ್ಕೆಂದು ನಗುತ್ತಿದ್ದರು, ಉಳಿದವರು ಸೇರಿಕೊಳ್ಳುತ್ತಿದ್ದರು. ಒಂಬತ್ತನೆಯ ಟೇಕಿನಲ್ಲಿ ಹೆಂಡತಿಯೇ ನಕ್ಕಳು. ಹನ್ನೊಂದನೆಯದು ಸರಿಯಾಯಿತು.

ಅವಳಿ ತಮ್ಮನಿಗೆ ಈಗ ಎಂಟು ತಿಂಗಳು. ನಾನು ಮಾಡಿದ ಯಾವ ಪಾತ್ರವೂ ಇಷ್ಟು ಕಾಲ ಬದುಕಿರಲಿಲ್ಲ. ಬೆಳಿಗ್ಗೆ ಸ್ಟೋರಿನಲ್ಲಿ ಬ್ಯಾಟರಿ ಎತ್ತಿಡುವಾಗಲೂ ಒಳಗೊಳಗೇ ಕುಣಿಯುತ್ತಿರುತ್ತೇನೆ.

ಮೊನ್ನೆ ನಿರ್ದೇಶಕ ಇನ್ನೊಂದು ಮಾತು ಸೇರಿಸಿದ. ನನ್ನ ಹಿಂದಿನ ಬಾಗಿಲಿನಿಂದ ಡ್ರೈವರೊಬ್ಬ ಬಂದು, "ಯಲ್ಲಾ, ಹೊರಡುವ, ಗಾಡಿ ರೆಡಿ ಉಂಟು," ಎನ್ನಬೇಕು. ಹಿರಿಯರು ಅದನ್ನು ಮೂರು ದಿನ ಲಾರಿಯಲ್ಲಿ ಒಬ್ಬರೇ ಹೇಳಿಕೊಂಡು ತಿರುಗಿದರಂತೆ. ಶುಕ್ರವಾರ ಬಂದರು, ಕೂದಲಿಗೆ ಎಣ್ಣೆ ಹಚ್ಚಿ ಬಾಚಿಕೊಂಡಿದ್ದರು. ಒಂದೇ ಟೇಕಿನಲ್ಲಿ ಹೇಳಿ ಮುಗಿಸಿದರು. ಎಲ್ಲರೂ ಚಪ್ಪಾಳೆ ತಟ್ಟಿದರು. ನಾನೂ ತಟ್ಟಿದೆ, ಸ್ವಲ್ಪ ಹೊಟ್ಟೆಕಿಚ್ಚಿನಿಂದಲೇ.