ಬನ್ಸ್ ತಿನ್ನುವವಳ ಹಾಡಿಗೆ ಎದ್ದು ನಿಂತವರು

ತಮ್ಮ ಹಾಡು ತಾವೇ ಕಟ್ಟಿ ತಾವೇ ಹಾಡುವವರಿಗೆ ಈಗ ಇಂಡಿ ಬ್ಯಾಂಡ್ ಎನ್ನುತ್ತಾರಂತೆ, ಮೊಮ್ಮಗಳು ಹೇಳಿದಳು. ಎಪ್ಪತ್ತರ ದಶಕದ ಕೊನೆಗೆ ಉಡುಪಿಯಲ್ಲಿ ನಮ್ಮನ್ನು ಯಾರೂ ಹಾಗೆ ಕರೆಯಲಿಲ್ಲ. "ಪಾಪ, ಫಿಲ್ಮ್ ಸಾಂಗ್ ಬರುವುದಿಲ್ಲವಾ ನಿಮಗೆ?" ಎಂದು ಕೇಳುತ್ತಿದ್ದರು, ಅಷ್ಟೆ.

ಬ್ಯಾಂಡಿನಲ್ಲಿ ನಾವು ಮೂವರು. ಗಿಟಾರಿಗೆ ನನ್ನ ಅಣ್ಣ. ಕಾರ್ಕಳದ ಒಂದು ಹೈಸ್ಕೂಲಿನಲ್ಲಿ ಲೆಕ್ಕದ ಮೇಷ್ಟ್ರು. ಡ್ರಮ್ಮಿಗೆ ಅಣ್ಣನ ಗೆಳೆಯ, ಉಡುಪಿಯಲ್ಲಿ ಬಟ್ಟೆ ಅಂಗಡಿ ಇಟ್ಟಿದ್ದ ಬ್ಯಾರಿ ಸಾಹುಕಾರರ ಮಗ. ಅವನನ್ನು ಸೇರಿಸಿಕೊಂಡದ್ದು ಅವನ ತಾಳಜ್ಞಾನ ನೋಡಿ ಅಲ್ಲ, ಅವನ ಮಾವ ದುಬೈಯಿಂದ ತಂದ ಆಂಪ್ಲಿಫೈಯರ್ ನೋಡಿ. ತಾಳ ಆಮೇಲೆ ಬೋನಸ್ಸಾಗಿ ಸಿಕ್ಕಿತು. ಹಾಡಲು ನಾನು. ಕಾನ್ವೆಂಟಿನಲ್ಲಿ ಕಲಿತವಳು, ಇಂಗ್ಲಿಷ್ ಬರುತ್ತದೆ, ಮನೆಯಲ್ಲೇ ಇದ್ದಾಳೆ, ಕರೆದಾಗ ಸಿಗುತ್ತಾಳೆ. ಇಷ್ಟೇ ನನ್ನ ಕ್ವಾಲಿಫಿಕೇಶನ್.

ನಮ್ಮ ಹಾಡುಗಳ ಪೈಕಿ ಒಂದು ಮಾತ್ರ ಹೆಸರು ಮಾಡಿತು. ಅದು ಹುಟ್ಟಿದ್ದು ಹಿರಿಯಡ್ಕದ ಬಸ್ ಸ್ಟ್ಯಾಂಡಿನಲ್ಲಿ.

ಅಣ್ಣನ ಬಸ್ಸು ಬೆಳಿಗ್ಗೆ ಉಡುಪಿಯಿಂದ ಕಾರ್ಕಳಕ್ಕೆ. ಅವನು ಮನಸ್ಸಿಟ್ಟ ಹುಡುಗಿಯ ಬಸ್ಸು ಕಾರ್ಕಳದಿಂದ ಮಣಿಪಾಲಕ್ಕೆ. ಅಲ್ಲಿ ಒಂದು ಆಫೀಸಿನಲ್ಲಿ ಆಕೆ ಟೈಪಿಸ್ಟ್. ಎರಡೂ ಬಸ್ಸುಗಳು ಹಿರಿಯಡ್ಕದಲ್ಲಿ ಪಕ್ಕಪಕ್ಕ ನಿಲ್ಲುತ್ತಿದ್ದವು, ಒಂದರ ಮುಖ ಆಚೆ, ಇನ್ನೊಂದರ ಮುಖ ಈಚೆ. ಕಂಡಕ್ಟರುಗಳು ಇಬ್ಬರೂ ಒಂದೇ ಹೋಟೆಲಿಗೆ ಹೋಗಿ ಚಾ ಕುಡಿದು ಬರುವಷ್ಟು ಹೊತ್ತು ಅಣ್ಣನ ಕಿಟಕಿಗೆ ಆಕೆಯ ಕಿಟಕಿ ಎದುರು. ಅಣ್ಣನ ಪ್ರೇಮಕ್ಕೆ ದಿನಕ್ಕೆ ಇದ್ದ ಅವಧಿ ಅಷ್ಟೇ. ಚಾ ಬಹಳ ಬಿಸಿ ಇದ್ದ ದಿನ ಪ್ರೇಮ ಸ್ವಲ್ಪ ಉದ್ದ.

ಆ ಹೊತ್ತಿನಲ್ಲಿ ಆಕೆ ಮನೆಯಿಂದ ತಂದ ಒಂದು ಬಾಳೆಹಣ್ಣಿನ ಬನ್ಸನ್ನು ಕಾಗದದಿಂದ ಬಿಚ್ಚಿ, ಯಾರನ್ನೂ ನೋಡದೆ, ಪರೀಕ್ಷೆ ಬರೆಯುವವರ ಗಾಂಭೀರ್ಯದಲ್ಲಿ ತಿನ್ನುತ್ತಿದ್ದಳು. ಅಣ್ಣ ಅದನ್ನು ನೋಡುತ್ತಿದ್ದ. ಕ್ಲಾಸಿನಲ್ಲಿ ಗದರಿಸಿದರೆ ಇಡೀ ಹೈಸ್ಕೂಲು ನಡುಗುವ ಮನುಷ್ಯ, ಕಿಟಕಿಯಿಂದ ಒಂದು 'ಗುಡ್ ಮಾರ್ನಿಂಗ್' ಹೇಳಲಾರದೆ ಮನೆಗೆ ಬಂದು ಗಿಟಾರ್ ಹಿಡಿದ. ರಾಗ ಅವನದು, ಪದ ನನ್ನದು. ಕೊಂಕಣಿಯಲ್ಲಿ ಬರೆದರೆ ಅಮ್ಮನಿಗೆ ತಿಳಿಯುತ್ತದೆಂದು ಇಂಗ್ಲಿಷಿನಲ್ಲಿ ಬರೆದೆ. ಎದುರು ಬಸ್ಸಿನ ಹುಡುಗಿಯೇ, ಬನ್ಸ್ ತಿನ್ನುವವಳೇ, ಒಮ್ಮೆ ತಲೆ ಎತ್ತಿ ನೋಡು ಎಂಬುದು ಅದರ ಸಾರ. ಅದಕ್ಕಿಂತ ಹೆಚ್ಚಿನ ಸಾರ ಏನೂ ಇರಲಿಲ್ಲ.

ಅಷ್ಟರಲ್ಲಿ ಸುದ್ದಿ ಬಂತು. ಆಕೆಗೆ ಕುವೈತಿನ ಹುಡುಗನೊಬ್ಬನ ಪ್ರಪೋಸಲ್ ಬಂದಿದೆಯಂತೆ. ಕ್ರಿಸ್ಮಸ್ ರಜೆಗೆ ಊರಿಗೆ ಬಂದು, ಹುಡುಗಿ ನೋಡಿ, ನಿಶ್ಚಯ ಮಾಡಿ ಹೋಗುತ್ತಾನಂತೆ. ಅಣ್ಣ ಮೂರು ಹೊತ್ತು ಗಂಜಿ ಮಾತ್ರ ಉಂಡ.

"ಎಂತ ಮಾರಾಯ, ಬಾಯಿ ಬಿಟ್ಟು ಹೇಳಲಿಕ್ಕೆ ಆಗುದಿಲ್ವಾ ನಿಂಗೆ?" ಎಂದ ಡ್ರಮ್ಮಿನವನು.

"ಹಾಡಿನಲ್ಲಿ ಹೇಳ್ತೇನೆ."

"ಹಾಡುವುದು ತಂಗಿ. ನೀನು ಎಂತ ಹೇಳುದು?"

ಆದರೂ ದೇವರು ಒಂದು ಚಾನ್ಸ್ ಕೊಟ್ಟ. ಕಾಪುವಿನ ಒಂದು ಮದುವೆಗೆ ನಮ್ಮನ್ನು ಕರೆದರು. ಮದುಮಗಳು ಆಕೆಯ ಕಸಿನ್. ಮದುಮಕ್ಕಳಿಗೆ ಶುಭ ಕೋರುವ ಟೋಸ್ಟ್ ಭಾಷಣ ಮುಗಿದ ಮೇಲೆ ಡ್ಯಾನ್ಸಿಗೆ ಬ್ಯಾಂಡ್. ಆಗ ಈ ಹಾಡು ಬಾರಿಸುವುದು, ಆಕೆ ಕೇಳುವುದು, ತಿಳಿಯುವುದು, ಅಣ್ಣ ಗಿಟಾರ್ ಕೆಳಗಿಟ್ಟು ಹೋಗಿ ಡ್ಯಾನ್ಸಿಗೆ ಕರೆಯುವುದು. ಲೆಕ್ಕದ ಮೇಷ್ಟ್ರ ಪ್ಲಾನ್. ಹಂತ ಹಂತವಾಗಿ ಇತ್ತು.

ಲೆಕ್ಕಕ್ಕೆ ಸೇರದೆ ಉಳಿದದ್ದು ನಮ್ಮಿಬ್ಬರ ಸಂಗೀತ ಶಿಕ್ಷಣ. ಅಣ್ಣ ರಾಗ ಕಲಿತದ್ದು ಚರ್ಚಿನ, ಅಂದರೆ ನಮ್ಮ ಇಗರ್ಜಿಯ, ಕ್ವಾಯರಿನಲ್ಲಿ. ಅವನು ಏನು ಕಟ್ಟಿದರೂ ಮೊಣಕಾಲೂರಿ ನಡೆದ ಹಾಗೆ ನಿಧಾನ. ನನಗೆ ಹಾಡಲು ಕಲಿಸಿದ್ದು ಕಾನ್ವೆಂಟಿನ ಸಿಸ್ಟರ್: ಬಾಯಿ ಮೊಟ್ಟೆಯ ಹಾಗೆ ಉರುಟು, ಕೈ ಎದೆಯ ಮುಂದೆ ಜೋಡಿಸಿ, ಕಣ್ಣು ಸೀಲಿಂಗಿಗೆ. ಬೇರೆ ಥರ ಹಾಡಬಹುದು ಎಂಬುದು ನನಗೆ ಗೊತ್ತೇ ಇರಲಿಲ್ಲ. ಇನ್ನು ನಮ್ಮ ಮದುವೆಗಳಲ್ಲಿ ಫಾದರ್ ಪ್ರಾರ್ಥನೆ ಹೇಳದೆ ಊಟ ಹೊರಗೆ ಬರುವುದಿಲ್ಲ. ಅಂದು ಟೋಸ್ಟ್ ಹೇಳಿದ ಮಹಾನುಭಾವ ಮದುಮಗನ ಅಜ್ಜನ ಬಾಲ್ಯದಿಂದ ಶುರು ಮಾಡಿದ್ದರಿಂದ ಜನರ ಹೊಟ್ಟೆ ಆಗಲೇ ತಾಳ ಹಾಕುತ್ತಿತ್ತು.

ನಾನು ಕೈ ಜೋಡಿಸಿ, ಸೀಲಿಂಗ್ ಇಲ್ಲದ ಕಾರಣ ಚಪ್ಪರ ನೋಡಿ, ಮೊದಲ ಸಾಲು ಎತ್ತಿದೆ. ಮುಂದಿನ ಸಾಲಿನ ಒಬ್ಬ ಅಜ್ಜಿ ಎದ್ದು ನಿಂತರು. ಪಕ್ಕದವರೂ ಎದ್ದರು. ಕುರ್ಚಿಗಳು ಗರಗರ ಸರಿದವು; ಇಡೀ ಚಪ್ಪರ ಎದ್ದು ನಿಂತಿತು. ಡ್ಯಾನ್ಸಿಗೆ ಎದ್ದರೆಂದು ಡ್ರಮ್ಮಿನವನು ಹುರುಪಿನಿಂದ ಒಂದು ಪೆಟ್ಟು ಹೆಚ್ಚು ಹಾಕಿದ. ಎಲ್ಲರೂ ತಲೆ ತಗ್ಗಿಸಿದರು. ಆಕೆಯೂ ನಿಂತಿದ್ದಳು, ಕಣ್ಣು ಮುಚ್ಚಿ, ಭಕ್ತಿಯಿಂದ. ನಾನು ಬನ್ಸಿನ ಸಾಲು ಹಾಡಿದಾಗ ಒಬ್ಬರು ಶಿಲುಬೆಯ ಗುರುತು ಹಾಕಿಕೊಂಡರು. ಹಾಡು ಮುಗಿಯಿತು. ಫಾದರ್ ಕೂಡ ಸೇರಿ ಎಲ್ಲರೂ "ಆಮೆನ್" ಎಂದರು. ಆ ಶಬ್ದಕ್ಕೇ ಕಾಯುತ್ತಿದ್ದ ಬಡಿಸುವವರು ಇಡ್ಲಿಯಂಥ ಸನ್ನಾ, ಹಂದಿ ಮಾಂಸದ ಪಾತ್ರೆ ಹೊರಗೆ ತಂದರು. ಡ್ಯಾನ್ಸಿಗೆ ಯಾರು ಉಳಿಯುತ್ತಾರೆ?

ಅಜ್ಜಿ ಬಂದು ನನ್ನ ಕೈ ಹಿಡಿದರು. "ಎಷ್ಟು ಚಂದದ ಪ್ರಾರ್ಥನೆ, ಬಾಯೆ! ನನ್ನ ಮಂಡಿನೋವು ಅರ್ಧ ಹೋಯಿತು."

ಅಣ್ಣ ಆ ದಿನ ಹಂದಿ ಮಾಂಸ ಮುಟ್ಟಲಿಲ್ಲ. ನಮ್ಮ ಮನೆಯಲ್ಲಿ ಅದು ಜ್ವರಕ್ಕಿಂತ ದೊಡ್ಡ ಲಕ್ಷಣ.

"ಸ್ಪೀಡ್ ಹೆಚ್ಚು ಮಾಡುವ," ಎಂದ ಡ್ರಮ್ಮಿನವನು. ಮಣಿಪಾಲದ ಆಕೆಯ ಆಫೀಸಿನವರು ಆ ತಿಂಗಳಲ್ಲೇ ಸ್ಟಾಫ್ ಡೇ ಇಟ್ಟುಕೊಂಡಿದ್ದರು. ಅವನು ಅಂಗಡಿಯ ಗಿರಾಕಿಯೊಬ್ಬರನ್ನು ಹಿಡಿದು ನಮ್ಮನ್ನು ಪ್ರೋಗ್ರಾಮಿನಲ್ಲಿ ತೂರಿಸಿದ. ನಾನು ಕೈ ಜೋಡಿಸಬಾರದೆಂದು ಎರಡು ಕೈಗೂ ಒಂದೊಂದು ಗಿಲಕಿ ಕೊಟ್ಟರು. ರಾಗಕ್ಕೆ ಸಾಧ್ಯವಾದಷ್ಟು ಓಟ ಕಲಿಸಿದೆವು. ಅಲ್ಲಿ ಹೆಚ್ಚಿನವರು ನಮ್ಮ ಜಾತಿಯವರಲ್ಲ, ಕ್ವಾಯರು ಕೇಳಿದವರಲ್ಲ. ಈ ಸಲ ಹೆದರಿಕೆ ಇಲ್ಲ ಎಂದುಕೊಂಡೆವು.

ಆದರೆ ಕಾಪುವಿನ ಮದುವೆಯಲ್ಲಿ ಉಂಡಿದ್ದ ಇಬ್ಬರು ಕ್ಲರ್ಕುಗಳು ಹಿಂದಿನ ಬೆಂಚಿನಲ್ಲಿ ಕುಳಿತಿದ್ದರು. ಹಾಡು ಶುರುವಾದದ್ದೇ ಗುರುತು ಹಿಡಿದು ಎದ್ದು ನಿಂತರು. ಅವರನ್ನು ನೋಡಿ ಪಕ್ಕದವರು. ನಿಂತವರನ್ನು ನೋಡಿ ಮ್ಯಾನೇಜರರು; ಅವರು ದೈವಭಕ್ತರು, ಚಪ್ಪಲಿಯನ್ನೂ ಬಿಟ್ಟು ನಿಂತರು. ಮ್ಯಾನೇಜರ್ ನಿಂತ ಮೇಲೆ ಕೂರುವ ಧೈರ್ಯ ಯಾವ ಸ್ಟಾಫಿಗೆ ಉಂಟು? ಆಕೆ ಎರಡನೆಯ ಸಾಲಿನಲ್ಲಿ, ಮತ್ತೆ ಕಣ್ಣು ಮುಚ್ಚಿ. ನಾನು ಗಿಲಕಿ ಅಲ್ಲಾಡಿಸುವುದನ್ನೂ ಮರೆತೆ.

ಬಸ್ಸಿನಲ್ಲಿ ಬರುವಾಗ ಅಣ್ಣ ಹೇಳಿದ: "ನಾಳೆ ನಾನು ಮೀನು ಮಾರ್ಕೆಟಿನಲ್ಲಿ ನಿಂತು ಬಂಗುಡೆ, ಬಂಗುಡೆ ಎಂದು ಕೂಗಿದರೂ ಈ ಜನ ಆಮೆನ್ ಹೇಳ್ತಾರೆ."

"ಹೇಳಿದರೆ ಹೇಳಲಿ ಮಾರಾಯ. ಬಂಗುಡೆಯಾದರೂ ಖರ್ಚಾದೀತು," ಎಂದ ಗೆಳೆಯ.

ಡಿಸೆಂಬರ್ ಹತ್ತಿರ ಬಂತು. ಆಗ ಕಾರ್ಕಳದ ಒಂದು ಇಗರ್ಜಿಯ ಫಾದರ್ ಹೇಳಿ ಕಳುಹಿಸಿದರು: ನಿಮ್ಮ ಆ ಸ್ತುತಿಗೀತೆಯನ್ನು ನಮ್ಮ ಕ್ವಾಯರಿಗೆ ಕಲಿಸಿ ಕೊಡಬೇಕು, ಕ್ರಿಸ್ಮಸ್ಸಿಗೆ ಹಾಡಿಸುತ್ತೇವೆ. ಅದು ಆಕೆಯ ಕ್ವಾಯರು. ಅಣ್ಣ ಮುಖ ಗೋಡೆಗೆ ತಿರುಗಿಸಿ ಮಲಗಿದ. "ನೀನೇ ಹೋಗು. ನನ್ನ ಪ್ರೇಮವನ್ನು ನಾಲ್ಕು ಧ್ವನಿಗಳಲ್ಲಿ ಕೇಳುವ ಶಕ್ತಿ ನನಗಿಲ್ಲ."

ಭಾನುವಾರ ಪೂಜೆ ಮುಗಿದ ಮೇಲೆ ಹುಡುಗಿಯರು ನನ್ನ ಸುತ್ತ ಕುಳಿತರು. ನಾನು ಒಂದು ಸಾಲು ಹೇಳುವುದು, ಅವರು ಹೇಳುವುದು. ಉಳಿದವರು ಇಂಗ್ಲಿಷಿನ ಗೋಜಿಗೆ ಹೋಗದೆ ಶಬ್ದವನ್ನು ಹಾಗೆಯೇ ನುಂಗಿ ಒಪ್ಪಿಸುತ್ತಿದ್ದರು. ಆಕೆ ಟೈಪಿಸ್ಟ್, ಒಂದೊಂದು ಪದ ಬಿಡಿಸಿ ಕೇಳುವ ಅಭ್ಯಾಸ. ಎರಡನೆಯ ಚರಣಕ್ಕೆ ಬಂದಾಗ ಕೈ ಎತ್ತಿದಳು.

"ಮಿಸ್, ಒಂದು ಡೌಟು. ಇದರಲ್ಲಿ ಬಸ್ಸು ಯಾಕೆ ಬರ್ತದೆ?"

"ಬರ್ತದೆ," ಎಂದೆ. ಕಾನ್ವೆಂಟಿನಲ್ಲಿ ಸುಳ್ಳು ಹೇಳಲು ಯಾರೂ ಕಲಿಸಿರಲಿಲ್ಲ.

"ಮುಂದಿನ ಸಾಲು ಹೇಳಿ ನೋಡುವ."

ಹೇಳಿದೆ. ಹುಡುಗಿಯರೆಲ್ಲ ಒಟ್ಟಾಗಿ ಬನ್ಸ್ ತಿನ್ನುವವಳನ್ನು ಕೊಂಡಾಡಿದರು. ಆಕೆ ಮಾತ್ರ ಹಾಡಲಿಲ್ಲ. ಎದ್ದು ಬಂದು ನನ್ನ ಮೊಣಕೈ ಹಿಡಿದು ಹಾರ್ಮೋನಿಯಮ್ಮಿನ ಹಿಂದಕ್ಕೆ ಎಳೆದುಕೊಂಡು ಹೋದಳು.

"ಯಾವ ಊರಿನ ಸ್ತುತಿಗೀತೆಯಲ್ಲಿ ಬನ್ಸ್ ಉಂಟು? ಇದು ಕಟ್ಟಿದ್ದು ಯಾರು?"

"ಪದ ನನ್ನದು. ರಾಗ ಅಣ್ಣನದು. ಹಿರಿಯಡ್ಕದಲ್ಲಿ ಎದುರು ಬಸ್ಸು..."

"ಕಿಟಕಿಗೆ ಮೂಗು ಒತ್ತಿ ಕೂರುವ ಮೇಷ್ಟ್ರಾ?" ಆಕೆಯ ಕಿವಿ ಕೆಂಪಾಯಿತು. "ಅವರಿಗೆ ಹಸಿವು ಅಂತ ತಿಳಿದಿದ್ದೆ ಮಾರಾಯ್ತಿ! ಕೊಡುವುದಾ ಬೇಡವಾ ಅಂತ ಎಷ್ಟು ದಿನ ಯೋಚನೆ ಮಾಡಿದ್ದೇನೆ! ಅದಕ್ಕೇ ತಲೆ ತಗ್ಗಿಸಿ ಬೇಗ ಬೇಗ ತಿನ್ನುವುದು." ಆಮೇಲೆ ಸ್ವಲ್ಪ ತಡೆದು, ನನ್ನನ್ನು ಮಿಸ್ ಎನ್ನುವುದನ್ನು ಬಿಟ್ಟು, "ಎರಡು ಸಲ ನಿಂತು ಆಮೆನ್ ಹೇಳಿದ್ದೇನಲ್ಲ ನಾನು! ನೀನಾದರೂ ಹೇಳಬಾರದಾ?" ಎಂದಳು.

"ಅಣ್ಣನಿಗೆ ಎಂತ ಹೇಳಲಿ?"

"ನಾಳೆ ಚಾ ಕುಡಿಯಲಿಕ್ಕೆ ಕೆಳಗೆ ಇಳಿಯಲು ಹೇಳು. ಕಂಡಕ್ಟರ್ ಮಾತ್ರ ಕುಡಿಯಬೇಕು ಅಂತ ರೂಲ್ ಉಂಟಾ?"

ಮತ್ತೆ ಬಂದು ತನ್ನ ಜಾಗದಲ್ಲಿ ಕುಳಿತು, ಕರವಸ್ತ್ರ ಬಾಯಿಗೆ ಒತ್ತಿಕೊಂಡೇ ಉಳಿದ ಚರಣಗಳನ್ನು ಕಲಿತಳು. ಭುಜ ಮಾತ್ರ ಕುಣಿಯುತ್ತಿತ್ತು. ಭಕ್ತಿ ಹೆಚ್ಚಾಗಿ ಅಳುತ್ತಿದ್ದಾಳೆ ಎಂದು ಫಾದರ್ ನನ್ನ ಕಿವಿಯಲ್ಲಿ ಹೇಳಿದರು.

ಮರುದಿನ ಅಣ್ಣ ಹಿರಿಯಡ್ಕದಲ್ಲಿ ಇಳಿದ. ಎರಡೂ ಬಸ್ಸು ತಮ್ಮ ತಮ್ಮ ದಾರಿ ಹಿಡಿದು ಹೋದವು. ಕಾರ್ಕಳದ ಮಕ್ಕಳಿಗೆ ಆ ದಿನ ಲೆಕ್ಕ ಇರಲಿಲ್ಲ, ಮಣಿಪಾಲದಲ್ಲಿ ಯಾವ ಕಾಗದವೂ ಟೈಪ್ ಆಗಲಿಲ್ಲ.

ಕ್ರಿಸ್ಮಸ್ಸಿಗೆ ಕುವೈತಿನ ಹುಡುಗ ಸೆಂಟು, ಸೂಟು ಸಮೇತ ಬಂದ. ಆಕೆ ಒಪ್ಪಲಿಲ್ಲ. ಯಾಕೆ, ಯಾರು ನಿನ್ನ ತಲೆ ಕೆಡಿಸಿದ್ದು, ಎಂದು ಆಕೆಯ ತಾಯಿ ಜೋರು ಮಾಡಿದರಂತೆ.

"ಯಾರೂ ಇಲ್ಲ, ಅಮ್ಮ. ಕ್ವಾಯರಿನಲ್ಲಿ ಪ್ರಾರ್ಥನೆ ಮಾಡುವಾಗ ನನಗೆ ಉತ್ತರ ಸಿಕ್ಕಿತು."

ಇಗರ್ಜಿಯ ಎದುರೇ ಮನೆ ಇದ್ದ ಆ ಹೆಂಗಸು ಇದಕ್ಕೆ ಎಂತ ಹೇಳಿಯಾರು? ಎರಡು ಕೈಯೂ ಜೋಡಿಸಿ, ದೇವರ ಚಿತ್ತ ಎಂದರಂತೆ.