ಬೀಗರನ್ನು ಕಳಿಸುವ ಭಾಗಾಕಾರ

ದಾಳಿಂಬ ಊರಿನ ನಮ್ಮ ಮನೆಯಲ್ಲಿ ನಾನು ಎಲ್ಲರ ದನಿಯನ್ನೂ ತೆಗೆಯುತ್ತೇನೆ: ಅಪ್ಪನ ಕೆಮ್ಮು, ಆಟೋದವನ ಕೂಗು, ಗಣಿತದ ಸರ್ ಮೂಗಿನಲ್ಲೇ ಕೇಳುತ್ತಿದ್ದ ‘ಸಮಜ್ಲಂ ಕಾ?’, ತಿಳಿಯಿತೇ ಎಂಬ ಮರಾಠಿ ಪ್ರಶ್ನೆ. ಕನ್ನಡಿ ಮುಂದೆ ನಿಂತರೆ ನನ್ನ ಮುಖವನ್ನೂ ಅಣಕಿಸುತ್ತೇನೆ. ಅದಕ್ಕೆ ಹೆಚ್ಚು ಶ್ರಮ ಬೇಡ. ಹನ್ನೆರಡನೇ ತರಗತಿಯನ್ನು ಹೇಗೋ ದಾಟಿದ ಇಂಥವನ ಹತ್ತಿರ ವೈನಿ, ಅಂದರೆ ಅಣ್ಣನ ಹೆಂಡತಿ, ಲೆಕ್ಕ ಕಲಿಯಲು ಕುಳಿತರು.

ಅವರು ಆಳಂದದ ಕಡೆಯವರು. ಉದಗೀರದಲ್ಲಿ ರಕ್ತಪರೀಕ್ಷೆಯ ಲ್ಯಾಬ್ ಕೋರ್ಸಿಗೆ ಸೇರುವ ಆಸೆ. ಪ್ರವೇಶ ಪರೀಕ್ಷೆಯಲ್ಲಿ ಒಮ್ಮೆ ಫೇಲಾಗಿದ್ದರು. ಅವ್ವ ಕಡ್ಡಿ ಮುರಿದಂತೆ ಹೇಳಿಬಿಟ್ಟಿದ್ದಳು: “ಇನ್ನೊಂದ್ಸಲ ಬರಿ. ಈ ಸಲಾನೂ ಆಗ್ಲಿಲ್ಲಂದ್ರ ಪುಸ್ತಕ ಮುಚ್ಚಿಡು.”

ಲ್ಯಾಬಿನ ಅಂಕಿಗಳು ಭಾರಿ. ಸೊನ್ನೆ ಬರೆಯುತ್ತ ಕೂತರೆ ಹಾಳೆ ಸಾಲದು. ಅದಕ್ಕೇ ಹತ್ತರ ಘಾತದಲ್ಲಿ ಬರೆಯುತ್ತಾರೆ. 8 × 10⁶ನ್ನು 2 × 10³ರಿಂದ ಭಾಗಿಸಿ ಎಂದೆ. ವೈನಿ 4 × 10² ಎಂದು ಬರೆದರು. ಎಂಟನ್ನು ಎರಡರಿಂದ ಭಾಗಿಸಿದ್ದು ಸರಿ. ಘಾತದ ಆರನ್ನೂ ಮೂರರಿಂದ ಭಾಗಿಸಿಬಿಟ್ಟಿದ್ದರು.

“ಘಾತ ಭಾಗಸಬಾರದ್ರೀ ವೈನಿ, ಕಳೀಬೇಕು.”

“ಯಾಕ? ದೊಡ್ಡಪ್ಪನ ಜೋಡಿ ಹೊಲ ಪಾಲಾದಾಗ ಬೇವಿನ ಗಿಡದ ಟೊಂಗಿ ಸುದ್ದಾ ಹಂಚ್ಕೊಂಡ ಮನಿ ನಿಮ್ದು. ಪಾಲಂದ್ರ ಎಲ್ಲಾನೂ ಪಾಲು, ತಮ್ಮಾ!”

ನಾನು ಸರ್ ದನಿ ತೆಗೆದು “ಸಮಜ್ಲಂ ಕಾ?” ಎಂದೆ. ವೈನಿ ನಕ್ಕರು, ಮುಂದಿನ ಲೆಕ್ಕವನ್ನೂ ತಪ್ಪಿದರು. ಉತ್ತರ ತಿಳಿಯದಾಗಲೇ ಸರ್ ಕೂಡ ಹಾಗೆ ಕೇಳುತ್ತಿದ್ದರೇನೋ.

ಮರುದಿನ ವೈನಿಯ ತವರಿನಿಂದ ಬಂದಿದ್ದ ಮೂವರು ಬೀಗರು ಹೊರಟರು. ನಮ್ಮಲ್ಲಿ ಬೀಗರನ್ನು ಬರಿದೇ ಕಳಿಸುವುದಿಲ್ಲ. ಒಬ್ಬೊಬ್ಬರ ಚೀಲ ಹಿಡಿದು ಮನೆಯವರೊಬ್ಬರು ರಸ್ತೆಯವರೆಗೆ ಹೋಗಲೇಬೇಕು. ಅಪ್ಪ, ಅಣ್ಣ, ಕಾಕಾ ಹೋದರು. ಅಂಗಳದಲ್ಲಿ ಅವ್ವ, ವೈನಿ, ನಾನು.

“ವೈನಿ, ಮ್ಯಾಲಿನ ಆರು ನಾವು, ಕೆಳಗಿನ ಮೂರು ಬೀಗರು! ಕೆಳಗಿನ ಒಂದು ಹತ್ತು ಹೋಗೋವಾಗ ಮ್ಯಾಲಿನ ಒಂದು ಹತ್ತನ್ನ ಕರಕೊಂಡು ಹೋಗ್ತದ. ಉಳದವರೆಷ್ಟು?”

ವೈನಿ ನಮ್ಮಿಬ್ಬರ ಮುಖ ನೋಡಿದರು. “ಮೂರು. ಹಂಗಾರ ಮನಿಯವರು ಮೂರು, ಬೀಗರು ಐದಿದ್ರ?”

ಕಸ ಗುಡಿಸುತ್ತಿದ್ದ ಅವ್ವ ತಲೆಯೆತ್ತಲಿಲ್ಲ. “ಇಬ್ಬರು ಕಟ್ಟಿ ಮ್ಯಾಲ ಕಾಯ್ಕೋತ ಕೂಡ್ತಾರ. ನಮ್ಮ ಮಾನ ಹೋಗ್ತದ.”

“ಅದೇ ಮೈನಸ್ ಎರಡು!” ಎಂದು ಕುಣಿದೆ. ಅವ್ವ ಕಸಬರಿಗೆ ತೋರಿಸಿದಳು.

ಪರೀಕ್ಷೆ ಬರೆದು ಬಂದ ಸಂಜೆ ವೈನಿ ನೀರು ಕುಡಿದು, ಸೆರಗು ಸೊಂಟಕ್ಕೆ ಸಿಕ್ಕಿಸಿ, ಕಣ್ಣರಳಿಸಿ ನನ್ನದೇ ದನಿಯಲ್ಲಿ ಶುರುಮಾಡಿದರು: “ವೈನಿ, ಮ್ಯಾಲಿನ ಆರು ನಾವು…” ನಡುವೆ ನಾನು ಉಗುಳು ನುಂಗಿದ್ದನ್ನೂ ಬಿಡಲಿಲ್ಲ. ಪರೀಕ್ಷೆಯಲ್ಲಿ ಅಂಥದೇ ಲೆಕ್ಕ ಬಂದಿತ್ತು, ಸರಿಯಾಗಿತ್ತು ಎಂದು ಎಲ್ಲರಿಗೂ ತಿಳಿಯಿತು. ಮನೆಯೆಲ್ಲ ನಕ್ಕಿತು. ನನಗೆ ಮಾತ್ರ ಸೋಜಿಗ: ನನ್ನ ದನಿ ಅಷ್ಟು ನಡುಗುತ್ತಿತ್ತೇ? ಊರಿನವರದೆಲ್ಲ ಕೇಳಿಸಿಕೊಂಡವನಿಗೆ ಅದೊಂದು ಕೇಳಿಸಿರಲಿಲ್ಲ.

ಸೀಟು ಸಿಕ್ಕಿತು. ಉದಗೀರಕ್ಕೆ ಹೊರಟ ದಿನ ವೈನಿಯ ಚೀಲಕ್ಕೆ ನಾನು ಕೈಹಾಕುವ ಮೊದಲೇ ಅವ್ವ ಎತ್ತಿಕೊಂಡಳು.

“ನೀ ಯಾಕ ಅವ್ವಾ? ಭಾರ ಅದ.”

“ಸುಮ್ನಿರೋ. ನನ್ನ ಸೊಸಿ ಹೊಂಟಾಳ.”

ಕೈಗೆ ಕೆಲಸವಿಲ್ಲದೆ ನಾನು ಅವರ ಹಿಂದೆ ಅವ್ವನ ನಡಿಗೆಯನ್ನೇ ಅಣಕಿಸುತ್ತ ರಸ್ತೆಯವರೆಗೆ ಹೋದೆ.